ಕೊರಟಗೆರೆಯ ಹಿತ್ತಲಲ್ಲಿ ಕೊಳ್ಳಿ ಹೂ

ಈಗ ತೋಟಗಾರಿಕೆ ಕೆಲಸಕ್ಕೆ ಸೇರುವ ಹುಡುಗರು ನನ್ನ ಹತ್ತಿರ ಬಂದರೆ ಮಾವಿನ ಕಸಿ ಬಗ್ಗೆ ಕೇಳುತ್ತಾರೆ, ದಾಳಿಂಬೆಯ ರೋಗದ ಬಗ್ಗೆ ಕೇಳುತ್ತಾರೆ. ಗೊತ್ತಿದ್ದಷ್ಟು ಹೇಳಿ ಕಳಿಸುತ್ತೇನೆ. ಅವರು ಕೇಳದೆ ಇರುವ ಒಂದು ಗಿಡದ ಕಥೆ ನನ್ನಲ್ಲಿದೆ. ಅದರ ಹೂವನ್ನು ಯಾರೂ ಮುಡಿಯುವುದಿಲ್ಲ, ದೇವರಿಗೂ ಏರಿಸುವುದಿಲ್ಲ. ಆದರೆ ನನ್ನ ಕೆಲಸದ ಅಷ್ಟೂ ವರ್ಷಗಳಲ್ಲಿ ನಾನು ಹೆದರಿ ನಿಂತದ್ದು ಆ ಗಿಡದ ಮುಂದೆ. ಗಿಡ ಕೀಳುವ, ನೆಡುವ ಕ್ರಮ ನಿಮಗೆ ಪುಸ್ತಕದಲ್ಲಿ ಸಿಗುತ್ತದೆ. ಯಾರ ಹಿತ್ತಲಲ್ಲಿ ನೆಡುತ್ತಿದ್ದೇವೆ, ಆ ಮನೆಯೊಳಗೆ ಏನು ನಡೆದಿದೆ ಎಂಬುದನ್ನು ಹೋಗಿಯೇ ತಿಳಿಯಬೇಕು. ಅದಕ್ಕೇ ಬರೆದಿಡುತ್ತಿದ್ದೇನೆ.

ಐವತ್ತರ ದಶಕದ ನಡುವಿನಲ್ಲಿ ನಾನು ಮಧುಗಿರಿಯ ನರ್ಸರಿಗೆ ಮಾಲಿಯಾಗಿ ಸೇರಿದೆ. ಬೆಟ್ಟದ ಬಂಡೆ ಹಗಲೆಲ್ಲ ಕಾದು, ಸಂಜೆ ಆ ಕಾವನ್ನು ನಮ್ಮ ಪಾತಿಗಳ ಮೇಲೆ ಬಿಡುತ್ತಿತ್ತು. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ, ಈ ನಾಲ್ಕು ಕಡೆಯ ಮನೆತೋಟಗಳಿಗೆ ಸಸಿ ಕೊಡುವುದು, ಕೊಟ್ಟ ಮೇಲೆ ಹೋಗಿ ನೋಡಿಬರುವುದು ನನ್ನ ಪಾಲಿನ ಕೆಲಸ. ಬಸ್ಸು ಇರುವ ಕಡೆ ಬಸ್ಸು, ಇಲ್ಲದ ಕಡೆ ಸೈಕಲ್ಲು.

ನರ್ಸರಿಯ ಅಧಿಕಾರಿ ಶ್ರೀನಿವಾಸರಾಯರು. ಗಿಡಗಳ ವಿಷಯದಲ್ಲಿ ನನಗೆ ತಿಳಿದಿರುವುದರ ಬಹುಪಾಲು ಅವರು ಕಲಿಸಿದ್ದು. ಕೋಪ ಬಂದಾಗ ಅವರ ಧ್ವನಿ ಏರುವ ಬದಲು ಇಳಿಯುತ್ತಿತ್ತು, ಕೊನೆಗೆ ಕೇಳಿಸದಷ್ಟು ಸಣ್ಣಗಾಗುತ್ತಿತ್ತು. ಆಗ ನಮಗೆ ಕೈಕಾಲು ಆಡುತ್ತಿರಲಿಲ್ಲ. ಒಮ್ಮೆ ನೀಲಗಿರಿಗೆ ಹೋಗಿದ್ದವರು ಗೋಣಿತಾಟಿನಲ್ಲಿ ಸುತ್ತಿದ್ದ ಒಂದು ಗಿಡದ ಬುಡವನ್ನು ತಂದರು. ಲಾವಂಚದ ಹಾಗೆ ಗುಂಪಾಗಿ ಬೆಳೆಯುವ ಉದ್ದನೆಯ ಎಲೆ. ಅದರ ನಡುವಿನಿಂದ ಎದೆಯೆತ್ತರಕ್ಕೆ ಒಂದು ದಂಟು ಎದ್ದು, ದಂಟಿನ ತುದಿಯಲ್ಲಿ ಕೆಂಡದ ಬಣ್ಣದ ಹೂಗೊನೆ. ಮೇಲೆ ಕೆಂಪು, ಕೆಳಗೆ ಬರುಬರುತ್ತ ಹಳದಿ. ರೆಡ್ ಹಾಟ್ ಪೋಕರ್ ಎಂದು ಅದರ ಇಂಗ್ಲಿಷ್ ಹೆಸರು. ಕುಲುಮೆಯಲ್ಲಿ ಕಾಯಿಸಿದ ಸಲಾಕೆ ಎಂದು ರಾಯರು ಬಿಡಿಸಿ ಹೇಳಿದರು. ನರ್ಸರಿಯ ಆಳುಗಳ ಬಾಯಲ್ಲಿ ಅದು ಎರಡೇ ದಿನಕ್ಕೆ ಕೊಳ್ಳಿ ಹೂ ಆಯಿತು.

"ಆ ಹೆಸರು ಬೇಡ ಕಣ್ರಯ್ಯಾ, ಮನೆ ಹತ್ತಿರ ನೆಡೋ ಗಿಡ. ಪಂಜಿನ ಹೂ ಅನ್ನಿ" ಎಂದರು ರಾಯರು. ಅವರ ಎದುರಿಗೆ ಎಲ್ಲರೂ ಪಂಜಿನ ಹೂ ಎಂದರು. ಅವರು ಅತ್ತ ಹೋದ ಮೇಲೆ ಮತ್ತೆ ಕೊಳ್ಳಿ ಹೂ.

ಬೀಜ ಹಾಕಿ ನೋಡಿದೆವು. ಮೊಳಕೆ ಬಂತು, ಆದರೆ ಸಸಿಗಳು ಒಂದರ ಹಾಗೆ ಒಂದಿಲ್ಲ, ಹೂವಿಗೆ ವರ್ಷಗಟ್ಟಲೆ ಕಾಯಬೇಕು. ಬುಡ ಒಡೆದು ಕಂದು, ಅಂದರೆ ಬುಡದಲ್ಲಿ ಹುಟ್ಟುವ ಮರಿಗಿಡ, ಬೇರೆ ಮಾಡುವುದೇ ದಾರಿ ಎಂದು ತೀರ್ಮಾನವಾಯಿತು. ಮೊದಲ ಸಲ ರಾಯರು ಕುಡುಗೋಲಿನಿಂದ ಬುಡವನ್ನು ಹೋಳು ಹೋಳಾಗಿ ಕೊಯ್ಯಿಸಿದರು. ಜಡಿಮಳೆ ಹಿಡಿದಿತ್ತು. ಕೊಯ್ದ ಬಾಯಿಗೆ ನೀರು ಇಳಿದು ಅರ್ಧಕ್ಕರ್ಧ ಕೊಳೆಯಿತು.

ಉಳಿದವುಗಳಲ್ಲಿ ಕೆಲವನ್ನು ಪಾವಗಡದ ಒಬ್ಬ ಅಧಿಕಾರಿಯ ಮನೆಗೆ ಒಯ್ಯಬೇಕಾಯಿತು. ದಾರಿಯಲ್ಲಿ ಒಣಗಬಾರದೆಂದು ರಾಯರ ಅಪ್ಪಣೆಯಂತೆ ಸೀಮೆಎಣ್ಣೆ ಡಬ್ಬದಲ್ಲಿ ಹಸಿ ಕೆಸರು ತುಂಬಿ, ಅದರಲ್ಲಿ ಕಂದುಗಳನ್ನು ಊರಿ, ಬಸ್ಸಿನ ತಲೆಯ ಮೇಲೆ ಕಟ್ಟಿಸಿದೆ. ಪಾವಗಡದ ಬಿಸಿಲು ನಿಮಗೆ ಗೊತ್ತಿದೆ. ಆ ಮನೆಯ ಅಂಗಳದಲ್ಲಿ ಡಬ್ಬ ತೆರೆದಾಗ ಹಬೆಯ ಜೊತೆಗೆ ನಾತ ಬಂತು. ಅಧಿಕಾರಿಯ ಹೆಂಡತಿ ಸೆರಗು ಮೂಗಿಗೆ ಹಿಡಿದು, ಆ ಕಡೆಯ ತೆಲುಗು ಬೆರೆತ ಕನ್ನಡದಲ್ಲಿ, "ಏಮಯ್ಯಾ, ಗಿಡ ತರ್ತಾನೆ ಅಂದ್ರೆ ಸೊಪ್ಪು ಬೇಯಿಸ್ಕೊಂಡು ತಂದಿದ್ದೀಯ ಕದಾ" ಎಂದರು. ಅಧಿಕಾರಿ ಡಬ್ಬವನ್ನೂ ನೋಡಿದರು, ನನ್ನನ್ನೂ ನೋಡಿದರು. "ನಿಮ್ಮ ರಾಯರಿಗೆ ಹೇಳು, ನಾನೇ ಬಂದು ಮಾತಾಡ್ತೀನಿ" ಎಂದಷ್ಟೇ ಹೇಳಿ ಒಳಗೆ ಹೋದರು.

ಅವರು ಬಂದೇ ಬಂದರು. ನಾನು ಪಾತಿಯ ಬದಿಯಲ್ಲಿ ಕೈಕಟ್ಟಿ ನಿಂತಿದ್ದೆ. ಕೆಲಸ ಹೋಯಿತು ಎಂದೇ ಅಂದುಕೊಂಡಿದ್ದೆ. ರಾಯರು ಅವರ ಮುಂದೆ, "ಡಬ್ಬದಲ್ಲಿ ಹಾಕು ಅಂದವನು ನಾನು ಸ್ವಾಮಿ, ಅವನಲ್ಲ" ಎಂದರು. ಹಾಗೆ ಹೇಳುವ ಮೇಲಧಿಕಾರಿ ನನಗೆ ಮತ್ತೆ ಸಿಗಲಿಲ್ಲ.

ಅಲ್ಲಿಂದ ಮುಂದೆ ಕ್ರಮ ಬದಲಾಯಿತು. ಹಿಂದಿನ ದಿನ ಬುಡಕ್ಕೆ ನೀರು ಕೊಟ್ಟು ಮಣ್ಣು ಸಡಿಲ ಮಾಡುವುದು. ಬುಡದಿಂದ ದೂರಕ್ಕೆ ಗುದ್ದಲಿ ಹಾಕಿ ಇಡೀ ಗಿಡವನ್ನು ಎತ್ತುವುದು. ಮಣ್ಣು ಉದುರಿಸಿ, ಬೆರಳಿನಿಂದ ತಡಕಿ, ಕಂದು ತಾನಾಗಿ ಎಲ್ಲಿ ಬಿಡುತ್ತದೋ ಅಲ್ಲಿ ಬಿಡಿಸುವುದು. ಒಂದೊಂದು ಕಂದಿಗೂ ಅದರದೇ ಬೇರು ಇರಬೇಕು. ಎಲೆಯನ್ನು ಗೇಣುದ್ದಕ್ಕೆ ಕತ್ತರಿಸಿ, ಗಾಯಕ್ಕೆ ಒಲೆಯ ಬೂದಿ ಹಚ್ಚಿ, ನೀರು ಹಿಂಡಿದ ಗೋಣಿತಾಟಿನಲ್ಲಿ ಸುತ್ತಿ, ಬಿದಿರಿನ ಮಂಕರಿಯಲ್ಲಿಟ್ಟು ಬಸ್ಸಿನೊಳಗೆ ಕಾಲ ಬಳಿ ಇಟ್ಟುಕೊಳ್ಳುವುದು. ನೆಡುವಾಗ ಎಲೆ ಹೊರಡುವ ಕುತ್ತಿಗೆ ಮಣ್ಣಿನ ಮೇಲೇ ಇರಬೇಕು. ಅದು ಹೂತುಹೋದರೆ, ಇಲ್ಲವೇ ಅಲ್ಲಿ ನೀರು ನಿಂತರೆ, ಗಿಡ ಇರುವುದಿಲ್ಲ.

ಈ ಹೊಸ ಕ್ರಮದಲ್ಲಿ ನಾನು ಮೊದಲು ಕೊಟ್ಟದ್ದು ಪಾರ್ವತಿಗೆ. ಮಧುಗಿರಿಯ ಕೋರ್ಟಿನಲ್ಲಿ ಗುಮಾಸ್ತರಾಗಿದ್ದವರ ಮಗಳು ಆಕೆ. ಮದುವೆಗೆ ಮುಂಚೆ ತಂದೆಯ ಜೊತೆ ಆಗಾಗ ನರ್ಸರಿಗೆ ಬಂದು ಗಿಡಗಳ ಮುಂದೆ ಗಂಟೆಗಟ್ಟಲೆ ನಿಲ್ಲುತ್ತಿದ್ದಳು. ಕೊರಟಗೆರೆಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದ ಸಿದ್ದಲಿಂಗಪ್ಪನಿಗೆ ಅವಳನ್ನು ಕೊಟ್ಟರು. ಮದುವೆಯಾದ ವರ್ಷವೇ ಆ ಹೂವಿನ ಕಂದು ಬೇಕೆಂದು ಹೇಳಿ ಕಳಿಸಿದಳು. ನಾನು ಒಯ್ದು ತೋರಿಸಿಕೊಟ್ಟೆ. ನೆಟ್ಟದ್ದು ಅವಳೇ. ಅವಳ ಅತ್ತೆ ಪುಟ್ಟತಾಯಮ್ಮ ಹಿತ್ತಲ ಬಾಗಿಲಲ್ಲಿ ನಿಂತು, "ತಿನ್ನಾಕಾದ್ರೂ ಬರ್ತೈತೇನಪ್ಪ ಇದು?" ಎಂದು ಕೇಳಿದರು. ಇಲ್ಲ ಎಂದೆ. ನಕ್ಕು ಒಳಗೆ ಹೋದರು. ಗಂಡ ಸತ್ತ ಮೇಲೆ ಒಬ್ಬರೇ ಅಂಗಡಿ ನಡೆಸಿ ಮಗನನ್ನು ಸಾಕಿದ ಹೆಂಗಸು, ಕೆಟ್ಟವರಲ್ಲ.

ಮೊದಲ ವರ್ಷ ಹೂ ಬರಲಿಲ್ಲ. ಎರಡನೆಯ ವರ್ಷ ಶಿವರಾತ್ರಿಯ ಹೊತ್ತಿಗೆ ದಂಟು ಎದ್ದಿತು. ಪಾರ್ವತಿ ತುಂಬು ಬಸುರಿ.

ನಾನು ಕೊರಟಗೆರೆಗೆ ಹೋದದ್ದು ಅದಾದ ಕೆಲವು ದಿನಗಳಿಗೆ. ಅಂಗಡಿಯಲ್ಲಿ ಸಿದ್ದಲಿಂಗಪ್ಪ ತಲೆ ಎತ್ತಲಿಲ್ಲ. "ಮನೆ ಕಡೆ ಹೋಗಿ ಬರ್ಲಾ ಅಣ್ಣ?" ಎಂದು ಕೇಳಿದೆ. "ಹಿತ್ಲ ಕಡೆಯಿಂದ ಹೋಗು" ಎಂದ. ಹೋದರೆ, ಪುಟ್ಟತಾಯಮ್ಮ ಕೈಯಲ್ಲಿ ಹಾರೆ ಹಿಡಿದು ನಿಂತಿದ್ದರು. ಗಿಡದ ಪಕ್ಕದಲ್ಲಿ ನೆಲದ ಮೇಲೆ ಪಾರ್ವತಿ ಕೂತಿದ್ದಳು. ಬಾಣಂತಿ ಹೊರಗೆ ಬಂದು ಕೂರುವ ಹೊತ್ತಲ್ಲ ಅದು. ಅವಳ ಮುಖ ನೋಡಿದ ಮೇಲೆ ನನಗೆ ಯಾರೂ ಏನೂ ಹೇಳಬೇಕಾಗಿರಲಿಲ್ಲ. ಅವಳ ತಲೆಯ ಮೇಲೆ ಹೂಗೊನೆಗಳು ಕೆಂಪಗೆ ಉರಿಯುತ್ತಿದ್ದವು. ಪಕ್ಕದ ಮನೆಯ ಗೋಡೆಯ ಮೇಲಿಂದ ಹೆಂಗಸರು ನೋಡುತ್ತಿದ್ದರು.

"ನೀನೇ ಅಲ್ವೇನಪ್ಪ ಈ ಕೊಳ್ಳಿ ತಂದು ಕೊಟ್ಟೋನು" ಎಂದರು ಪುಟ್ಟತಾಯಮ್ಮ.

"ಇದು ಹೂವಿನ ಗಿಡ ಕಣಮ್ಮ."

"ಕೊಳ್ಳಿ ಅಂತ ನಿಮ್ಮೋರೇ ಕರೀತಾರಂತೆ. ಕೊಳ್ಳಿ ನೆಟ್ಟ ಮನೇಲಿ ತೊಟ್ಲು ಕಟ್ಟಾಕಾಗ್ತೈತಾ? ಇದು ಹೂ ಬಿಡ್ತು, ನನ್ನ ಮೊಮ್ಮಗ ಉಸುರಿಲ್ದಂಗೆ ಬಂದ."

ಪಾರ್ವತಿ ಕೂತಲ್ಲಿಂದಲೇ, "ಹಾರೆ ಹಾಕೋದಾದ್ರೆ ನನ್ನ ಮೇಲೆ ಹಾಕಿ ಅತ್ತೆ. ಗಿಡ ನೆಟ್ಟೋಳು ನಾನು" ಎಂದಳು. ಧ್ವನಿಯಲ್ಲಿ ಅಳು ಇರಲಿಲ್ಲ. ಅದಕ್ಕೇ ನನಗೆ ಭಯವಾಯಿತು.

"ಕೇಳಿದ್ಯೇನಪ್ಪ. ಇದು ಹೋಗ್ಬೇಕು, ಇಲ್ಲ ಇವಳು ತವರಿಗೆ ಹೋಗ್ಬೇಕು. ಎರಡ್ರಲ್ಲಿ ಒಂದು ಇವತ್ತೇ ಆಗ್ಲಿ."

ಹಾರೆಯ ತುದಿ ಗಿಡದ ಕಡೆ ಇದೆಯೋ ಅವಳ ಕಡೆ ಇದೆಯೋ ತಿಳಿಯುವಂತಿರಲಿಲ್ಲ. ನಿಧಾನವಾಗಿ ಹತ್ತಿರ ಹೋಗಿ ಹಾರೆಗೆ ಕೈ ಹಾಕಿದೆ. "ನನ್ ಕೈಗೆ ಕೊಡಿ ಅಮ್ಮ. ನಾನೇ ಕಿತ್ಕೊಂಡು ಹೋಗ್ತೀನಿ. ಈ ಹಿತ್ಲಲ್ಲಿ ಅದರ ಒಂದು ಬೇರೂ ಇರಾಕಿಲ್ಲ" ಎಂದೆ. ಅವರ ಹಿಡಿತ ಸ್ವಲ್ಪ ಹೊತ್ತು ಬಿಗಿಯಾಗಿಯೇ ಇತ್ತು. ಆಮೇಲೆ ಬಿಟ್ಟರು.

ಪಾರ್ವತಿ ನನ್ನನ್ನು ನೋಡಿದ ನೋಟವನ್ನು ನಾನು ಬರೆಯಲಾರೆ. ಅವಳ ಪಕ್ಕ ಕುಕ್ಕರಗಾಲಲ್ಲಿ ಕೂತು ಮೆಲ್ಲಗೆ ಹೇಳಿದೆ: "ಇಲ್ಲೇ ಬುಟ್ರೆ ನಾನು ಹೋದ ಮೇಲೆ ಕಡೀತಾರೆ ಕಣವ್ವ. ಈ ಬಿಸ್ಲಲ್ಲಿ, ಹೂ ಬಿಟ್ಟಾಗ ಕಿತ್ರೆ ಉಳೀತೈತೆ ಅಂತ ಮಾತು ಕೊಡಾಕಾಗಲ್ಲ. ನನ್ ಕೈಲಾದ್ದು ಮಾಡ್ತೀನಿ."

ಅವಳು ಗೋಡೆ ಹಿಡಿದು ಎದ್ದಳು. ಬಚ್ಚಲಿನಿಂದ ಬಿಂದಿಗೆ ತಂದು ಬುಡದ ಸುತ್ತ ತಾನೇ ನೀರು ಹುಯ್ದಳು. ಮಣ್ಣು ನೆನೆಯುವವರೆಗೆ ಕಾದೆ. ಹೂವಿನ ದಂಟು ಇದ್ದರೆ ಗಿಡ ತಡೆಯುವುದಿಲ್ಲವಾದ್ದರಿಂದ ಮೊದಲು ಅವನ್ನು ಕತ್ತರಿಸಿದೆ. ಪಾರ್ವತಿ ಕೈಚಾಚಿ ತೆಗೆದುಕೊಂಡಳು. ಪುಟ್ಟತಾಯಮ್ಮ ಮುಖ ತಿರುಗಿಸಿದರು.

ಮಧುಗಿರಿಯ ನರ್ಸರಿಯ ಬಾವಿ ಆ ಬೇಸಿಗೆಯಲ್ಲಿ ತಳ ಕಂಡಿತ್ತು. ಗಿಡವನ್ನು ಶಿರಾಕ್ಕೆ ಒಯ್ದೆ. ಅಲ್ಲಿ ಜೈನಾಬಿ ಎಂಬ ಸೂಲಗಿತ್ತಿ ಇದ್ದರು. ಊರಿನ ಎಲ್ಲ ಜಾತಿಯವರ ಮನೆಗೂ, ಹುಲಿಕುಂಟೆಯ ಕಡೆಯ ಹಳ್ಳಿಗಳಿಗೂ ಹೆರಿಗೆಗೆ ಅವರನ್ನೇ ಕರೆಯುತ್ತಿದ್ದರು. ಮನೆಯ ಹಿಂದೆ ಸಿಹಿನೀರಿನ ಬಾವಿ, ಬೇವಿನ ನೆರಳು, ನಮ್ಮ ನರ್ಸರಿಯಿಂದ ಒಯ್ದ ಗುಲಾಬಿ, ಮಲ್ಲಿಗೆ. ಬುಡ ಬಿಡಿಸಿ ಕಂದುಗಳನ್ನು ಮರಳು ಬೆರೆಸಿದ ಮಣ್ಣಿನಲ್ಲಿ ನೆಡುತ್ತಾ ನಡೆದದ್ದನ್ನು ಹೇಳಿದೆ. ಜೈನಾಬಿ ಕೈಯಲ್ಲಿದ್ದ ಅಡಿಕೆ ಬಾಯಿಗೆ ಹಾಕಿಕೊಳ್ಳದೆ ಕೇಳಿದರು.

"ನನ್ನ ಕೈ ಮೇಲೆ ಎಷ್ಟು ಮಕ್ಕಳು ಹಂಗೇ ಬಂದ್ವು ಬೇಟಾ. ಒಂದು ಮನೇಲೂ ಈ ಗಿಡ ಇರ್ಲಿಲ್ಲ" ಎಂದರು. ಆಮೇಲೆ ಅಡಿಕೆ ಬಾಯಿಗೆ ಹಾಕಿಕೊಂಡು, "ಆದ್ರೆ ಇದನ್ನ ಆ ಅತ್ತೆಗೆ ಹೇಳ್ಬೇಡ. ಅವಳಿಗೆ ಬೈಯಾಕೆ ಏನಾದ್ರೂ ಬೇಕು ಈಗ. ಗಿಡಾನ ಬೈದ್ರೆ ಬೈಲಿ, ಹುಡುಗೀನ ಬೈಯೋದು ಬೇಡ" ಎಂದರು.

ಆ ಬೇಸಿಗೆ ಪೂರ್ತಿ ಶಿರಾಕ್ಕೆ ಹೋದಾಗಲೆಲ್ಲ ಮೊದಲು ಜೈನಾಬಿಯ ಹಿತ್ತಲಿಗೇ ಹೋಗಿ ಪಾತಿ ನೋಡುತ್ತಿದ್ದೆ. ಕಂದುಗಳ ಎಲೆ ಒಂದೊಂದಾಗಿ ಒಣಗಿದವು. ಒಂದು ಸಲ ಹೋದಾಗ ಪಾತಿ ಬರೀ ಒಣಹುಲ್ಲಿನ ಹಾಗೆ ಕಂಡಿತು. ಕಿತ್ತು ಬಿಸಾಡಲು ಕೈ ಹಾಕಿದವನನ್ನು ಜೈನಾಬಿ ತಡೆದು, "ಠೈರೋ, ಬುಡ ಮುಟ್ಟಿ ನೋಡು" ಎಂದರು. ಮುಟ್ಟಿದೆ. ಗಟ್ಟಿಯಾಗಿತ್ತು. ಮುಂಗಾರಿನ ಮೊದಲ ಹನಿ ಬಿದ್ದ ಮೇಲೆ ಒಂದಿಷ್ಟು ಕಂದುಗಳಲ್ಲಿ ನಡುವಿನ ಎಲೆ ಹಸಿರಾಗಿ ಎದ್ದಿತು.

ಅಷ್ಟರಲ್ಲಿ ಪಾರ್ವತಿ ಮತ್ತೆ ಬಸುರಿಯಾಗಿದ್ದಳು. ತವರಿಗೆ ಬಂದವಳು ತಂದೆಯ ಜೊತೆ ನರ್ಸರಿಗೆ ಬಂದು, ಗಿಡ ಉಳಿಯಿತೇ ಎಂದು ಕೇಳಿದಳು. ಉಳಿದಿದೆ ಎಂದೆ. ಒಂದು ಕಂದು ಕೊರಟಗೆರೆಗೆ ತಂದು ಕೊಡಬೇಕು ಎಂದಳು.

ರಾಯರು ಅಲ್ಲೇ ಇದ್ದರು. ಅವರ ಧ್ವನಿ ಇಳಿಯಿತು. "ನೋಡಮ್ಮ, ಗಿಡ ಕೊಡೋದು ನಮ್ಮ ಕೆಲಸ. ಆದರೆ ಈಗ ಬೇಡ. ದೇವರು ಹಾಗೆ ಮಾಡದಿರಲಿ, ಮತ್ತೆ ಏನಾದರೂ ಆದರೆ ಆ ಮನೆಯಲ್ಲಿ ನಿನ್ನ ಗತಿ ಏನು? ಮಗು ಆಗಲಿ, ಆಮೇಲೆ ನಾನೇ ಕಳಿಸ್ತೀನಿ."

ಗುಮಾಸ್ತರೂ, "ಅವರು ಹೇಳೋದು ಸರಿ ಮಗಳೇ" ಎಂದರು.

ಪಾರ್ವತಿ ನೆಲ ನೋಡುತ್ತಾ ನಿಂತಿದ್ದಳು. "ಮಗು ಉಳಿದ ಮೇಲೆ ನೆಟ್ರೆ, ಮೊದಲ್ನೇದು ಗಿಡದಿಂದ್ಲೇ ಹೋಯ್ತು ಅಂತ ನಾನೂ ಒಪ್ಕೊಂಡ ಹಾಗೆ. ಗಿಡ ನೆಟ್ಟ ಕೈ ನಂದು. ಹಾಗಂತ ಒಪ್ಕೊಂಡು ನಾನು ಆ ಮನೇಲಿ ಹೇಗೆ ಬಾಳಲಿ?" ಎಂದಳು.

ರಾಯರು ನನ್ನ ಕಡೆ ತಿರುಗಿ, "ಮಳೆ ಜೋರಾಗೋ ಮುಂಚೆ ತಗೊಂಡು ಹೋಗು. ದಿಣ್ಣೆ ಮಾಡಿ ನೆಡು, ನೀರು ನಿಲ್ಲಬಾರದು" ಎಂದರು.

ಕೊರಟಗೆರೆಯ ಹಿತ್ತಲಿಗೆ ಮಂಕರಿ ಹಿಡಿದು ಹೋದಾಗ ಪುಟ್ಟತಾಯಮ್ಮ ಬಾಗಿಲಿಗೆ ಅಡ್ಡ ನಿಂತರು. ಅಂಗಡಿ ಮುಚ್ಚಿ ಬಂದಿದ್ದ ಸಿದ್ದಲಿಂಗಪ್ಪ ಒಳಗಿನಿಂದ ಬಂದು ತಾಯಿಯ ಪಕ್ಕ ನಿಂತ. "ನೆಡ್ಲಿ ಬುಡವ್ವ" ಎಂದ. ಅಷ್ಟು ದಿನ ಎರಡೂ ಕಡೆಗೆ ತಲೆ ತಗ್ಗಿಸಿಕೊಂಡೇ ಇದ್ದ ಮನುಷ್ಯ. ಪುಟ್ಟತಾಯಮ್ಮ ಮಗನನ್ನು ನೋಡಿದರು. "ನೆಡಿ. ನಾನು ಆ ಕಡೆ ಕಾಲಿಡಾಕಿಲ್ಲ" ಎಂದು ಒಳಗೆ ಹೋದರು.

ಆ ವರ್ಷ ನಾನು ಕೊರಟಗೆರೆಗೆ ಹೋಗಲು ನೆಪ ಹುಡುಕಿದ ಹಾಗೆಯೇ ಹೋಗದಿರಲೂ ನೆಪ ಹುಡುಕಿದೆ. ಗಿಡ ಚೆನ್ನಾಗಿ ಬಂತು. ಪಾರ್ವತಿಗೆ ದಿನ ಹತ್ತಿರವಾಯಿತು. ಮತ್ತೆ ಶಿವರಾತ್ರಿಯ ಸಮಯ. ಎಲೆಗಳ ನಡುವೆ ದಂಟಿನ ಮೊನೆ ಕಾಣಿಸಿತು. "ಈ ದಂಟು ಈಗ್ಲೇ ಚಿವುಟಿದ್ರೆ ಗಿಡಕ್ಕೇನೂ ಆಗಲ್ಲ ಕಣವ್ವ. ಮುಂದಿನ ವರ್ಷ ಬರ್ತೈತೆ" ಎಂದೆ.

"ಬೇಡ, ಬರ್ಲಿ" ಎಂದಳು.

ಒಂದು ಬೆಳಿಗ್ಗೆ ನರ್ಸರಿಯ ಮುಂದೆ ಕೊರಟಗೆರೆಯ ಬಸ್ಸು ನಿಂತಿತು. ಸಿದ್ದಲಿಂಗಪ್ಪ, ಜೈನಾಬಿ ಇಬ್ಬರೂ ಪಾರ್ವತಿಯನ್ನು ಹಿಡಿದು ಇಳಿಸುತ್ತಿದ್ದರು. ಹೆರಿಗೆಗೆಂದು ನನ್ನ ಮಾತಿನ ಮೇಲೆ ಜೈನಾಬಿಯನ್ನು ಶಿರಾದಿಂದ ಮೊದಲೇ ಕರೆಸಿಕೊಂಡಿದ್ದರು. ಅವರು ನನ್ನನ್ನು ಕಂಡು, "ಮಗು ಅಡ್ಡ ಐತೆ ಬೇಟಾ. ನನ್ನ ಕೈಲಿ ಆಗೋದಲ್ಲ, ಆಸ್ಪತ್ರೆಗೆ ನಡಿ" ಎಂದರು. ಹಿಂದೆ ಪುಟ್ಟತಾಯಮ್ಮ ಇಳಿದರು. ನರ್ಸರಿಯ ಕೈಗಾಡಿಯ ಮೇಲೆ ಗೋಣಿ ಹಾಸಿ ಪಾರ್ವತಿಯನ್ನು ಮಲಗಿಸಿ ತಳ್ಳಿಕೊಂಡು ಹೋದೆವು.

ಆಸ್ಪತ್ರೆಯ ಜಗುಲಿಯಲ್ಲಿ ಪುಟ್ಟತಾಯಮ್ಮ ಕಂಬಕ್ಕೆ ಒರಗಿ ಕೂತರು. ನಾನು ದೂರ ನಿಂತಿದ್ದೆ. ಬಿಸಿಲು ಏರಿತು. ಒಳಗಿನಿಂದ ಪಾರ್ವತಿಯ ಕೂಗು ಬರುತ್ತಿತ್ತು, ನಿಲ್ಲುತ್ತಿತ್ತು. ನಿಂತಾಗ ಇನ್ನೂ ಕಷ್ಟ. ಪುಟ್ಟತಾಯಮ್ಮ ನನ್ನನ್ನು ನೋಡದೆಯೇ ಮಾತಾಡಿದರು.

"ಅದು ಹೂ ಬಿಟ್ಟೈತೆ."

"ಹೂಂ ಕಣಮ್ಮ."

"ಬರಾ ಮುಂಚೆ ಕುಡುಗೋಲು ತಗೊಂಡು ಹಿತ್ಲಿಗೆ ಹೋದೆ. ಕುಯ್ದೇ ಬುಡ್ತೀನಿ ಅಂತ. ಆ ನೋವಲ್ಲೂ ಅವಳು ಕಿಟಕಿ ಹಿಡ್ಕಂಡು ನನ್ನೇ ನೋಡ್ತಿದ್ಲು. ಬೇಡ ಅನ್ಲಿಲ್ಲ. ಸುಮ್ಕೆ ನೋಡಿದ್ಲು." ಅವರು ತಮ್ಮ ಅಂಗೈ ನೋಡಿಕೊಂಡರು. "ಕುಯ್ಯಾಕಾಗ್ಲಿಲ್ಲ ಕಣಪ್ಪ. ಈಗ ಅನ್ನಿಸ್ತೈತೆ, ಕುಯ್ಬೇಕಾಗಿತ್ತಾ ಅಂತ."

ಹೇಳಬೇಕಾದ ಮಾತು ಜೈನಾಬಿಗೆ ಗೊತ್ತಿತ್ತು, ಅವರು ಒಳಗಿದ್ದರು.

ಮಧ್ಯಾಹ್ನ ಕಳೆದ ಮೇಲೆ ಮಗು ಅತ್ತಿತು. ಪುಟ್ಟತಾಯಮ್ಮ ಎದ್ದು ಬಾಗಿಲಿನ ಕಡೆ ನಡೆದರು. ಜೈನಾಬಿ ಬಾಗಿಲಿಗೆ ಬಂದು, "ಹೆಣ್ಣು ಮಗು. ತಾಯಿನೂ ಉಳಿದ್ಲು" ಎಂದರು. ಅವರ ರವಿಕೆಯ ಬೆನ್ನು ಬೆವರಿನಿಂದ ಒದ್ದೆಯಾಗಿತ್ತು.

ಕಥೆ ಇಲ್ಲಿಗೆ ಮುಗಿಯಿತು ಎಂದುಕೊಂಡಿದ್ದೆ. ಮುಗಿದಿರಲಿಲ್ಲ.

ಮಗುವಿಗೆ ಮಾತು ಬರುವ ವಯಸ್ಸು. ಒಂದು ದಿನ ಪುಟ್ಟತಾಯಮ್ಮ ಒಬ್ಬರೇ ಬಸ್ಸು ಹತ್ತಿ ನರ್ಸರಿಗೆ ಬಂದರು. ಅವರು ನರ್ಸರಿಯೊಳಗೆ ಕಾಲಿಟ್ಟದ್ದು ಅದೇ ಮೊದಲು. ಮುಖ ಬಿಳಿಚಿಕೊಂಡಿತ್ತು. "ಈಗ್ಲೇ ಬಾರಪ್ಪ. ಗಿಡ ಹೋಗ್ತೈತೆ" ಎಂದರು.

"ಏನಾಯ್ತಮ್ಮ?"

"ಎಲೆ ಹಳ್ದಿಗೆ ತಿರುಗ್ಬುಟ್ಟೈತೆ. ಹಿಡ್ದು ಎಳೆದ್ರೆ ಕೈಗೇ ಬರ್ತೈತೆ. ನಾನೇನೂ ಕಡಿಮೆ ಮಾಡ್ಲಿಲ್ಲ. ದಿನಾ ಎದ್ದ ತಕ್ಷಣ ಒಂದು ಬಿಂದಿಗೆ, ಸಂಜೆ ಒಂದು ಬಿಂದಿಗೆ ನಾನೇ ಹುಯ್ತಿದ್ದೆ. ಮಳೆ ಬಂದ್ರೂ ತಪ್ಪಿಸ್ಲಿಲ್ಲ." ಬಸ್ಸು ಹತ್ತುವಾಗ ನನ್ನ ತೋಳು ಹಿಡಿದು, ಪಕ್ಕದವರಿಗೆ ಕೇಳಿಸದ ಹಾಗೆ, "ಅದು ಹೋದ್ರೆ ಮಗೀಗೆ ಏನಾರ ಆಗ್ತೈತಾ?" ಎಂದು ಕೇಳಿದರು.

ದಾರಿಯುದ್ದಕ್ಕೂ ಅವರ ಕೈ ನನ್ನ ತೋಳಿನಿಂದ ಕದಲಲಿಲ್ಲ. ಕಾಲಿಡುವುದಿಲ್ಲ ಎಂದಿದ್ದ ಜಾಗಕ್ಕೆ ದಿನಕ್ಕೆ ಎರಡು ಸಲ ಹೋಗಿ ನೀರು ಹುಯ್ದಿದ್ದರು. ಮಗುವಿನ ಉಸಿರು ಆ ಗಿಡದಲ್ಲಿದೆ ಎಂದು ಯಾವಾಗ ನಂಬಿದರೋ ಯಾರಿಗೂ ಹೇಳಿರಲಿಲ್ಲ.

ಹಿತ್ತಲಲ್ಲಿ ಪಾರ್ವತಿ ಆಗಲೇ ಗುದ್ದಲಿ ಹಿಡಿದು ಗಿಡ ಎತ್ತಿದ್ದಳು. ಬುಡ ಮೆತ್ತಗಾಗಿ ನೀರು ಸೋರುತ್ತಿತ್ತು. ಅವಳು ಬೆರಳಿನಿಂದ ಕೊಳೆತದ್ದನ್ನೆಲ್ಲ ತೆಗೆಯುತ್ತಾ ಹೋದಳು. ನಾನು ಕೈ ಹಾಕಲಿಲ್ಲ. ಒಂದು ಬದಿಯಲ್ಲಿ ಗಟ್ಟಿಯಾದ ಒಂದು ಕಂದು, ಅದಕ್ಕೆ ಒಂದಿಷ್ಟು ಬಿಳಿ ಬೇರು ಸಿಕ್ಕಿತು. ಬೂದಿ ತರಲು ಏಳುವಾಗ ಅತ್ತೆಯ ಮುಖ ನೋಡಿದಳು. ಮಗು ಜಗುಲಿಯಲ್ಲಿ ತಟ್ಟೆ ಬಡಿದುಕೊಂಡು ಆಡುತ್ತಿತ್ತು. ಪುಟ್ಟತಾಯಮ್ಮ ಮಗುವನ್ನೂ ಕಂದನ್ನೂ ಒಂದಾದ ಮೇಲೊಂದು ನೋಡುತ್ತಿದ್ದರು.

ಪಾರ್ವತಿಗೆ ಅರ್ಥವಾಯಿತು. "ಗಿಡ ಬೇರೆ, ಮಗು ಬೇರೆ ಅತ್ತೆ" ಎಂದಳು. "ಇದು ನೀರು ಜಾಸ್ತಿಯಾಗಿ ಕೊಳೀತು, ಅಷ್ಟೆ. ಮಗೀಗೇನೂ ಆಗಲ್ಲ."

"ಬೇರೇನಾ?"

"ಬೇರೇನೇ."

ಪುಟ್ಟತಾಯಮ್ಮ ಕೊಳೆತ ಬುಡವನ್ನು ನೋಡಿದರು. ಆಮೇಲೆ ಕೇಳಿದರು: "ಅವತ್ತೂ ಬೇರೇನಾ?"

ಪಾರ್ವತಿ ಅತ್ತೆಯ ಕಡೆ ಪೂರ್ತಿ ತಿರುಗಿದಳು. "ಅವತ್ತೂ ಬೇರೇನೇ ಅತ್ತೆ" ಎಂದಳು.

ಆ ಹೆಂಗಸು ಒದ್ದೆ ನೆಲದ ಮೇಲೆ ಹಾಗೇ ಕೂತುಬಿಟ್ಟರು. ಸೆರಗು ಬಾಯಿಗೆ ಒತ್ತಿಕೊಂಡರೂ ಅಳು ತಡೆಯಲಿಲ್ಲ. ಉಸಿರಿಲ್ಲದೆ ಬಂದ ಮೊಮ್ಮಗನಿಗಾಗಿ ಅವರು ಅತ್ತದ್ದನ್ನು ಆ ಮನೆಯಲ್ಲಿ ಅದುವರೆಗೆ ಯಾರೂ ಕಂಡಿರಲಿಲ್ಲವೆಂದು ಪಾರ್ವತಿ ಎಷ್ಟೋ ಕಾಲದ ಮೇಲೆ ನನಗೆ ಹೇಳಿದಳು. ಅವತ್ತು ಅವಳು ಕೈಯ ಮಣ್ಣು ಸೀರೆಗೆ ಒರೆಸಿಕೊಂಡು ಹೋಗಿ ಅತ್ತೆಯ ಪಕ್ಕ ಕೂತಳು, ಅವರ ಬೆನ್ನಿನ ಮೇಲೆ ಕೈ ಇಟ್ಟಳು.

ನಾನು ಕಂದನ್ನು ನೆರಳಿನಲ್ಲಿ ಗೋಣಿತಾಟಿನ ಮೇಲೆ ಇಟ್ಟೆ. ನೆಡುವುದು ಪಾರ್ವತಿಗೆ ಗೊತ್ತಿತ್ತು. ಹಿತ್ತಲ ಬಾಗಿಲು ಸದ್ದಾಗದಂತೆ ಎಳೆದುಕೊಂಡು ಬಸ್ ಸ್ಟ್ಯಾಂಡಿಗೆ ನಡೆದೆ.